ಸೋದರಮಾವನಿಗೊಂದು ಕುರ್ಚಿ

ಹೊಳಲ್ಕೆರೆ ದಾರಿಯ ಹುಣಸೆ ಮರದ ಕಟ್ಟೆಯ ಮೇಲೆ ಕುಳಿತಿದ್ದ ವ್ಯಾಪಾರಿ ಜಂಬಣ್ಣನ ಕಿವಿಯೆಲ್ಲ ಪಕ್ಕದಲ್ಲಿ ಗಾಡಿಗೆ ಕಾಯುತ್ತಿದ್ದ ಅಣ್ಣತಂಗಿಯ ಮಾತಿನ ಕಡೆಗೇ ಇತ್ತು. ಅಣ್ಣ ಸಣ್ಣಪ್ಪ ಗಣಿಯ ಮೇಸ್ತ್ರಿ. ತಂಗಿ ಉಚ್ಚಂಗಮ್ಮನ ಹೆಗಲ ಮೇಲೆ ಕರಿ ಕಂಬಳಿ.

“ನಮ್ಮ ಗಣಿ ಬಿಳಿ ಸಾಹೇಬ ಇವತ್ತು ನನ್ನ ಮುಖಾನೇ ನೋಡ್ಲಿಲ್ಲ. ನಿನ್ನೆ ಮನೇಲಿ ಏನಾತು ತಂಗೆವ್ವ?”

“ಹೆಣ್ಣು ಕೇಳಕ್ಕೆ ಬಂದಿದ್ದ. ನಿನ್ನ ಮಗಳು ಏಕನಾಥೀನ ಲಗ್ನ ಆಗ್ತೀನಿ ಅಂದ.”

“ಅವ್ನಿಗೆ ಕುರ್ಚಿ ಎಲ್ಲಿಂದ ತಂದಿ?”

“ಯಾಕ್ ತರ್ಲಿ? ಬೂಟ್ ಬಿಚ್ಚಿಸಿ ಇದೇ ಕಂಬಳಿ ಮೇಲೆ ಕುಂದ್ರಿಸಿದೆ. ಪಾಪ, ಕುಂತ.”

“ಆಮೇಲೆ?”

“ನಮ್ಮಲ್ಲಿ ಸೋದರಮಾವ ಕುಂತ ಮೇಲೇ ಹೆಣ್ಣಿನ ಮಾತು. ನಿಮ್ಮ ಕಚೇರೀಲಿ ಬಿಳೇರೆಲ್ಲ ಕುಂತಿರ್ತಾರೆ, ನಮ್ಮಣ್ಣ ನಿಂತೇ ಇರ್ತಾನೆ. ನಾಳೆಯಿಂದ ಅವ್ನಿಗೂ ಕುರ್ಚಿ ಹಾಕಿಸ್ತೀರಾ ಅಂತ ಕೇಳ್ದೆ.”

“ಅಯ್ಯೋ! ಏನಂದ?”

“ಅಲ್ಲಿ ಪದ್ಧತಿ ಬೇರೆ ಐತೆ ಅಂದ.”

“ಹುಡುಗಿಗೆ ಅವ್ನ ಮೇಲೆ ಮನಸಿತ್ತಲ್ಲೇ.”

“ಇತ್ತು. ಆದ್ರೂ ಅವಳೇ ಬಂದು, ‘ಏಳ್ರಿ ಸಾಹೇಬ್ರೆ’ ಅಂದು ಕಂಬಳಿ ಮಡಚಿದ್ಲು.”

ಸಣ್ಣಪ್ಪ ಮೀಸೆಯ ಮೇಲೆ ಕೈಯಾಡಿಸಿದ. ಅಷ್ಟರಲ್ಲಿ ಅವರ ಗಾಡಿ ಬಂತು. ಉಚ್ಚಂಗಮ್ಮ ಕಂಬಳಿ ಕೊಡವಿ ಗಾಡಿಯ ತುಂಬ ಹಾಸಿದಳು.

“ಮೊದ್ಲು ನೀ ಕುಂತ್ಕ ಅಣ್ಣ.”

ಅವನು ಕೂರುವವರೆಗೂ ಅವಳು ನಿಂತೇ ಇದ್ದಳು. ಕಟ್ಟೆಯ ಮೇಲಿದ್ದ ಜಂಬಣ್ಣನೂ ಎದ್ದು ನಿಂತ.