ಲೆಂಪಿಯ ಮಫ್ಲರಿಗೆ ಹತ್ತಿದ ಗಟ್ಟಿಮಂತ್ರ

...ಎಳೀಬೇಡ! ಎಳೀಬೇಡ ಅಂದ್ನಲ್ಲ! ಮಫ್ಲರ್ ಬರಲ್ಲ, ಮೂಗು ಕಿತ್ತು ಬರುತ್ತೆ. ಕೂತ್ಕೋ ಲೆಂಪಿ. ಅಲ್ಲಿ, ಒಲೆ ಪಕ್ಕ.

ಹಾಗೆ ಕಣ್ಣು ಬಿಡಬೇಡ. ನಾನೇನು ಬೇಕಂತ ಮಾಡಿದ್ನಾ? ಬೆಳಿಗ್ಗೆ ಹಿಮದ ಜಾರುಬಂಡಿ ಎಳ್ಕೊಂಡು ಬಂದೋಳು ನೀನು. "ಉರ್ಹೊ, ಇದಕ್ಕೊಂದು ಗಟ್ಟಿಮಂತ್ರ ಹಾಕು, ನಾಳೆ ಹೆಪ್ಪುಗಟ್ಟಿದ ಕೆರೆ ದಾಟಿ ಡುಲೂತ್ ಪಟ್ಟಣಕ್ಕೆ ಹೋಗ್ತೀನಿ, ಇನ್ಮೇಲೆ ತಂಗಿ ಮನೇಲೇ ಇದ್ದುಬಿಡ್ತೀನಿ" ಅಂದೆ. ಆಯ್ತು ಅಂದೆ ನಾನು. ಅಂಟು ಬಿಸಿ ಮಾಡ್ದೆ. ಬಂಡಿಗೆ ಬಳಿದೆ. ಮೂರು ಮಾತು ಹೇಳ್ದೆ. ನಿಲ್ಲು, ಕಚ್ಕೋ, ಬಿಡಬೇಡ. ಅಷ್ಟೇ. ಬಂಡಿ ಗಟ್ಟಿಯಾಗಬೇಕಿತ್ತು. ನಿನ್ನ ಮಫ್ಲರ್ ಗಟ್ಟಿಯಾಯ್ತು. ನಾನೇನು ಮಾಡ್ಲಿ?

ತಾಳು, ಚಮಚದಲ್ಲಿ ತಟ್ಟಿ ನೋಡ್ತೀನಿ... ಠಣ್ ಅಂತು! ಅಬ್ಬಾ! ಪಾತ್ರೆ ಅಂಗಡೀಲೂ ಇಂಥ ಮಾಲು ಸಿಗಲ್ಲ... ಒದೀಬೇಡ! ಮೆಚ್ಕೊಂಡೆ, ಅಷ್ಟೇ.

ನಗ್ತಿಲ್ಲ. ಕೆಮ್ಮು ಇದು. ಆದ್ರೂ... ನಿನ್ನ ಬಾಯಿ ಮುಚ್ಚಿದ್ದನ್ನ ಈ ಊರು ಇವತ್ತೇ ನೋಡಿದ್ದು. ಪಾದ್ರಿ ಕೈಲಿ ಆಗ್ಲಿಲ್ಲ. ನಿನ್ನ ಗಂಡ, ಪಾಪ, ಸಾಯೋ ತನಕ ಪ್ರಯತ್ನಪಟ್ಟ... ಅಯ್ಯೋ! ಒದ್ದೇಬಿಟ್ಯಲ್ಲ! ಹಳೇ ಮೊಣಕಾಲು ಮಾರಾಯ್ತಿ!

ತಪ್ಪು ಅಂಟಿನದು. ಹೋದ ವರ್ಷದ ಅಂಟು. ತಲೆ ಅಲ್ಲಾಡಿಸ್ಬೇಡ. ಸರಿ, ಹಾಗಾದ್ರೆ ಗಾಳಿ. ಬಾಗಿಲು ತೆಗೆದಿತ್ತು, ಮಂತ್ರ ಹಾರಿ ಬಂದು... ಏನು? ಕಿಟಕಿ ಕಡೆ ಯಾಕೆ ತೋರಿಸ್ತೀಯ? ಅಲ್ಲಿರೋದು ನಮ್ಮ ನೆರೆಯ ಕೌಕೊ ಮನೆ. ಸರಿ, ಕೌಕೊ ಮನೆ. ಈಗ ಯಾಕೆ ದವಡೆ ಹಿಡ್ಕೊಂಡೆ? ಓ... ಕೌಕೊನ ಹಲ್ಲು.

ಗೊತ್ತು, ಗೊತ್ತು. ಕೊಡಲಿಗೆ ಮಂತ್ರ ಹಾಕ್ತಾ ಹೆಂಡತಿ ಮಾಡ್ತಿದ್ದ ಪ್ಯಾನ್‌ಕೇಕ್ ನೆನೆಸ್ಕೊಂಡ, ತಿಂಡಿಪೋತ. ಕೊಡಲಿ ಮೊಂಡಾಗೇ ಉಳೀತು, ಪ್ಯಾನ್‌ಕೇಕ್ ಕಲ್ಲಾಯ್ತು, ಮುಂದಿನ ಹಲ್ಲು ಹೋಯ್ತು. ಕೈ ಎಲ್ಲೇ ಇರ್ಲಿ, ಮನಸ್ಸು ಎಲ್ಲಿದೆಯೋ ಮಂತ್ರ ಅಲ್ಲಿಗೇ ಹತ್ತೋದು. ಕೂಸಿಗೂ ಗೊತ್ತು ಅದು. ನನಗೇ ಪಾಠನಾ?

ಬಿಡಿಸೋದೂ ಗೊತ್ತು. ಮನಸ್ಸಲ್ಲಿ ಏನಿತ್ತೋ ಅದನ್ನ ಬಾಯಿಬಿಟ್ಟು ಹೇಳ್ಬೇಕು. ನಿಜ ಹೇಳಿದ್ರೆ ಬಿಡುತ್ತೆ, ಸುಳ್ಳಾದ್ರೆ ಇನ್ನೂ ಬಿಗಿಯುತ್ತೆ. ಹೇಳ್ತೀನಿ, ತಡ್ಕೋ. ಕೈ ಆಡಿಸ್ಬೇಡ.

ಮೀನು ನೆನೆಸ್ಕೊಂಡಿದ್ದೆ.

ಹ್ಞೂಂ... ಠಣ್! ಮೊದಲಿಗಿಂತ ಜೋರು! ಕಿವೀನೂ ಒಳಗೆ ಸೇರಿಸ್ಕೊಂಡ್ತಲ್ಲ!

ಸರಿ, ಸರಿ. ಮಫ್ಲರ್ ಬಗ್ಗೇನೇ. ಒಳ್ಳೇ ಉಣ್ಣೆ, ಕೆಂಪು ಬಣ್ಣ ಚೆನ್ನಾಗಿದೆ, ನನಗೂ ಇಂಥದೊಂದು ಬೇಕು ಅಂತ... ಠಣ್ಣ್! ಚರ್ಚಿನ ಗಂಟೆ! ಕೌಕೊನ ನಾಯಿ ಬೊಗಳ್ತಿದೆ ಕೇಳು!

ಅಳ್ತಿದ್ದೀಯಾ? ಭುಜ ಯಾಕೆ ಕುಣೀತಿದೆ?... ನಗ್ತಿದ್ದೀಯಾ! ಮುಖಕ್ಕೆ ಬಾಣಲೆ ಬಿಗಿದಿದೆ, ನಗು ಬರುತ್ತೆ ನಿನಗೆ!

ಆ ಕಡೆ ತಿರುಗಿ ನಿಲ್ತೀನಿ. ನಿನ್ನ ಮುಖ ನೋಡ್ಕೊಂಡು ಹೇಳಕ್ಕಾಗಲ್ಲ. ಒಲೆಗೆ ಹೇಳ್ತೀನಿ. ಒಲೆ ಊರೆಲ್ಲ ಸಾರಲ್ಲ.

ಇಷ್ಟು ಮಾತು ನಾನು ಒಂದು ಇಡೀ ಚಳಿಗಾಲದಲ್ಲಿ ಆಡಲ್ಲ, ಗೊತ್ತಾ?

ಬಂಡಿ ಹಿಡಿದಿದ್ದೆ. ನೀನು ಬಾಗಿಲಲ್ಲಿ ನಿಂತು ವಟವಟ ಅಂತಿದ್ದೆ. ತಂಗಿ ಮನೇಲಿ ಗೋಡೆಯೊಳಗಿಂದಾನೇ ಬಿಸಿ ಬರುತ್ತಂತೆ. ಪರದೆ ಹಸಿರಂತೆ. ಬಾಯಿಗೆ ಮಫ್ಲರ್ ಸುತ್ಕೊಂಡಿದ್ರೂ ಮಾತು ನಿಲ್ಲಲ್ಲ ನಿಂದು. ನಾಳೆ ಈ ವಟವಟ ಇರಲ್ಲ ಅನ್ನಿಸ್ತು. ನನ್ನ ಕಾಫಿ ಮಣ್ಣು ಅಂತ ಬಯ್ಯೋರು ಇರಲ್ಲ. ಬೇಲಿ ಆಚೆ ನಿನ್ನ ಮನೆ ದೀಪ ಇರಲ್ಲ. ಆಗ... ನಿಲ್ಲು ಅಂದೆ. ಬಿಡಬೇಡ ಅಂದೆ.

ಬಂಡಿಗೆ ಹೇಳಿದ್ದಲ್ಲ.

...

ಸುಳ್ಳು! ಅದೂ ಸುಳ್ಳೇ! ಸುಮ್ನೆ ಬಾಯಿಗೆ ಬಂತು. ಹೋಗೋಳು ಹೋಗು, ನನಗೇನು? ಗರಗಸ ತರ್ತೀನಿ, ಕೊಯ್ದು ಬಿಸಾಕೋಣ ಮಫ್ಲರನ್ನ. ಸ್ವಲ್ಪ ಕಿವಿ ಹೋಗಬಹುದು. ಒದೀಬೇಡ, ಆಯ್ತಾ?

...ಒದೀತಿಲ್ಲ. ಲೆಂಪಿ? ಉಸಿರಾಡ್ತಿದ್ದೀಯ ತಾನೆ? ತಾಳು, ತಿರುಗಿ ನೋಡ್ತೀನಿ.

ಏಯ್! ಮೇಜಿನ ಮೇಲಿದ್ದ ನನ್ನ ಕಾಫಿ ಲೋಟ ಯಾಕೆ ಖಾಲಿ? ಜೊತೆಗಿದ್ದ ಏಲಕ್ಕಿ ಬನ್ನು ಎಲ್ಲಿ? ಬಾಯಿ ಬಿಗಿದೋಳು ಹೇಗೆ ತಿಂದೆ...

ಮಡಿಲಲ್ಲಿ ಅದೇನು? ಕೆಂಪಗೆ. ಮೆತ್ತಗೆ.

ಯಾವಾಗ ಬಿತ್ತು?... ಅಲ್ಲ, ಹಳೇ ಅಂಟು ಅಂದ್ನಲ್ಲ, ಒಲೆ ಬಿಸಿಗೆ ತಾನೇ ಬಿಟ್ಕೊಂಡಿರುತ್ತೆ...

ಈಗ ಬಾಯಿ ಬಿಟ್ಟಿದೆಯಲ್ಲ, ಮಾತಾಡು. ಕಾಫಿ ಮಣ್ಣು ಅನ್ನು. ಬಯ್ಯಿ. ಏನಾದ್ರೂ ಅನ್ನು ಮಾರಾಯ್ತಿ! ಸುಮ್ನೆ ಹಾಗೆ ನೋಡ್ಬೇಡ... ಬೂಟು ಯಾಕೆ ಬಿಚ್ತಿದ್ದೀಯ? ಲೋಟ ಯಾಕೆ ಚಾಚ್ತೀಯ? ಇನ್ನೊಂದು ಬೇಕಾ? ಆ ಮಣ್ಣು?

ಹ್ಞೂಂ. ಇಡ್ತೀನಿ.

ನಿನ್ನ ಬಂಡಿಗೆ ನಾಳೆ ಇನ್ನೊಂದ್ಸಲ ಮಂತ್ರ ಹಾಕಿ ನೋಡ್ತೀನಿ. ಹತ್ತಲ್ಲ. ಈಗ್ಲೇ ಹೇಳಿರ್ತೀನಿ.