ಟೊಮೆಟೊ ಬಾಟಲಿಯಲ್ಲಿದ್ದ ಬಾಳೆಹಣ್ಣಿನ ಕೆಚಪ್

ಎಲ್ಲರಿಗೂ ನಮಸ್ಕಾರ. ಉಷಾ ಅವರ ಯಜಮಾನರಾದ ಅಶ್ವತ್ಥ ಅವರೇ, ಮಗಳು ಶರಣ್ಯಾ, ಹಮಾಮತ್ಸು ಕನ್ನಡ ಬಳಗದ ಹಿರಿಯರೇ, ಮಕ್ಕಳೇ, ನಮ್ಮ ಆಫೀಸಿನಿಂದ ಬಂದಿರುವ ಮರಿಸೆಲ್ — ಉಷಾ ಅವರ ನೆನಪಿಗಾಗಿ ಇಲ್ಲಿ ಸೇರಿದ್ದೇವೆ. ನಾನು ಮಧುಕರ್. ಕಾರಿನ ಬಿಡಿಭಾಗ ಮಾಡುವ ಇಲ್ಲಿನ ಜಪಾನಿ ಕಾರ್ಖಾನೆಯಲ್ಲಿ, ಕ್ವಾಲಿಟಿ ವಿಭಾಗದಲ್ಲಿ, ಏಳು ವರ್ಷ ಉಷಾ ಅವರ ಪಕ್ಕದ ಮೇಜಿನಲ್ಲಿ ಕೂತವನು.

ದೊಡ್ಡ ಮಾತು ನನಗೆ ಬರುವುದಿಲ್ಲ. ಕೆಚಪ್ಪಿನ ವಿಷಯ ಹೇಳುತ್ತೇನೆ. ಹೌದು — ಕೆಚಪ್ಪು. ನಗು ಬಂದರೆ ನಗಿ, ಉಷಾ ಅವರೂ ನಗುತ್ತಿದ್ದರು.

ಮರಿಸೆಲ್ ಫಿಲಿಪ್ಪೀನ್ಸಿನವರು. ಒಂದು ದಿನ ಊಟದ ಹೊತ್ತಿಗೆ ಅನ್ನದ ಪಕ್ಕಕ್ಕೆ ಏನೋ ಕೆಂಪಗೆ ಸುರಿದುಕೊಂಡರು. ಬನಾನಾ ಕೆಚಪ್ ಅಂದರು. ಉಷಾ ನನ್ನ ಕಡೆ ತಿರುಗಿ, "ಬಾಳೆಹಣ್ಣಲ್ಲಿ ರಸಾಯನ ಮಾಡ್ತಾರೆ, ಹಲ್ವ ಮಾಡ್ತಾರೆ. ಕೆಚಪ್ ಯಾರಾದ್ರೂ ಮಾಡ್ತಾರೇನ್ರೀ?" ಅಂದರು. ಆಮೇಲೆ ಬೆರಳಿಗೆ ಹಚ್ಚಿಕೊಂಡು ಹೀಗೆ — ನಾಲಿಗೆಗೆ ಇಟ್ಟರು. ಇನ್ನೊಂದು ಸಲ ಹಚ್ಚಿಕೊಂಡರು. "ಮಧುಕರ್, ಇದು ನಮ್ಮ ಅನಾನಸ್ ಗೊಜ್ಜಿನ ತಂಗಿ ಕಣ್ರೀ!"

ಅಷ್ಟಕ್ಕೆ ಬಿಡುವವರೇ? ಮೂಲ ಹುಡುಕಿದರು. ಮಹಾಯುದ್ಧದ ಕಾಲದಲ್ಲಿ ಅಲ್ಲಿ ಟೊಮೆಟೊಗೆ ಅಭಾವ, ಬಾಳೆಹಣ್ಣು ಬೇಕಾದಷ್ಟು. ಮರಿಯಾ ಒರೋಸಾ ಎಂಬ ಆಹಾರತಜ್ಞೆ ಬಾಳೆಹಣ್ಣಿಗೆ ವಿನೆಗರ್, ಸಕ್ಕರೆ, ಮಸಾಲೆ ಸೇರಿಸಿ ಇದನ್ನು ಮಾಡಿದರಂತೆ. ಯುದ್ಧ ಮುಗಿಯುವ ಮೊದಲೇ ಮನಿಲಾ ಮೇಲಿನ ದಾಳಿಯಲ್ಲಿ ಆ ತಾಯಿ ತೀರಿಕೊಂಡರು. ಬಾಳೆಹಣ್ಣಿನ ಮಂಕು ಬಣ್ಣ ಜನಕ್ಕೆ ಹಿಡಿಸುವುದಿಲ್ಲವೆಂದು ಕೆಂಪು ಬಣ್ಣ ಹಾಕುತ್ತಾರೆ. ಟೊಮೆಟೊ ವಾಪಸು ಬಂದ ಮೇಲೂ ಇದು ಹೋಗಲಿಲ್ಲ. ಅಲ್ಲಿ ಮಕ್ಕಳ ಹುಟ್ಟುಹಬ್ಬ ಅಂದರೆ ಈ ಕೆಚಪ್ ಹಾಕಿದ ಸಿಹಿ ಸ್ಪಾಗೆಟ್ಟಿ ಇರಲೇಬೇಕು. "ಕಷ್ಟಕಾಲಕ್ಕೆ ಬಂದ ನೆಂಟ, ಮನೆಯವನೇ ಆಗಿಬಿಟ್ಟ" ಎನ್ನುತ್ತಿದ್ದರು ಉಷಾ.

ಅದನ್ನು ನಮ್ಮ ಬಳಗದ ಊಟಕ್ಕೂ ತಂದರು. ನಿಮಗೆ ನೆನಪಿದೆ. ಮಕ್ಕಳು ಚಟ್ನಿಯನ್ನು ತಿರುಗಿಯೂ ನೋಡಲಿಲ್ಲ, ದೋಸೆಗೆ "ರೆಡ್ ಒನ್, ರೆಡ್ ಒನ್" ಅಂತ ಸಾಲು ನಿಂತರು. ಆದರೆ ಪ್ರತಿ ಬಾಟಲಿಯ ಮೇಲೂ ಉಷಾ ಅವರ ಕೈಬರಹದ ಚೀಟಿ — ಬಾಳೆಹಣ್ಣು ಎಂದು ಕನ್ನಡ, ಇಂಗ್ಲಿಷ್, ಜಪಾನಿ ಮೂರರಲ್ಲೂ. ನಮ್ಮ ನಮ್ರತಾ ಅವರ ಮಗಳು ಪ್ರಣತಿಗೆ ಬಾಳೆಹಣ್ಣು ಆಗುವುದಿಲ್ಲವಲ್ಲ, ಅದಕ್ಕೆ.

ಮೂರು ವರ್ಷದ ಹಿಂದಿನ ಯುಗಾದಿ. ನಮ್ರತಾ ಬಾಟಲಿ ತಿರುಗಿಸಿ ಓದಿದರು. ಟೊಮೆಟೊ ಎಂದಿತ್ತು, ಚೀಟಿ ಇರಲಿಲ್ಲ. ಮಗಳಿಗೆ ಬಡಿಸಿದರು. ಅರ್ಧ ಗಂಟೆಯಲ್ಲಿ ಮಗುವಿನ ತುಟಿ ಊದಿತು, ಉಸಿರು ಕಟ್ಟಿತು, ಆಂಬುಲೆನ್ಸ್ ಬಂತು. ದೇವರ ದಯೆ, ಪ್ರಣತಿ ಇವತ್ತು ಅಲ್ಲಿ ಮೂರನೇ ಸಾಲಿನಲ್ಲಿ ಕೂತಿದ್ದಾಳೆ. ಆ ದಿನ ಇದೇ ಸಭಾಂಗಣದಲ್ಲಿ ಉಷಾ ಎದ್ದು ನಿಂತು ಹೇಳಿದರು: "ಆ ಬಾಟಲಿಗೆ ಬಾಳೆಹಣ್ಣಿನ ಕೆಚಪ್ ತುಂಬಿಸಿದ್ದು ನಾನೇ. ತಪ್ಪು ನಂದು."

ಆಮೇಲೆ ಅವರ ಕೈಗೆ ಯಾರೂ ಸೌಟು ಕೊಡಲಿಲ್ಲ. ಬರುತ್ತಿದ್ದರು, ಕೊನೆಯ ಸಾಲಿನಲ್ಲಿ ಊಟ ಮಾಡುತ್ತಿದ್ದರು, ಹೋಗುತ್ತಿದ್ದರು. ಯಾರೂ ಕೆಟ್ಟ ಮಾತು ಆಡಲಿಲ್ಲ, ಅದು ನಿಜ. ಕರೆಯಲೂ ಇಲ್ಲ.

ಆ ಬಾಟಲಿ ತುಂಬಿಸಿದ್ದು —

ಸ್ವಲ್ಪ ನೀರು ಕುಡಿಯುತ್ತೇನೆ. ಕ್ಷಮಿಸಿ.

ತುಂಬಿಸಿದ್ದು ನಾನು. ಫಿಲಿಪ್ಪೀನೋ ಅಂಗಡಿಯಿಂದ ದೊಡ್ಡ ಕ್ಯಾನ್ ತಂದಿದ್ದೆವು, ಅದು ಇಲ್ಲಿನ ಫ್ರಿಜ್ಜಿಗೆ ಹಿಡಿಸಲಿಲ್ಲ. ಖಾಲಿ ಟೊಮೆಟೊ ಬಾಟಲಿ ಕಣ್ಣಿಗೆ ಬಿತ್ತು. ನಮ್ಮ ಮನೆಗಳ ಬುದ್ಧಿ ನಿಮಗೆ ಗೊತ್ತಲ್ಲ — ಹಾರ್ಲಿಕ್ಸ್ ಬಾಟಲಿಯಲ್ಲಿ ಹಾರ್ಲಿಕ್ಸ್ ಇದ್ದ ಮನೆ ಯಾವುದಿದೆ? ತೊಳೆದೆ, ತುಂಬಿಸಿದೆ, ಚೀಟಿ ಅಂಟಿಸಲಿಲ್ಲ. ಕಾರ್ಖಾನೆಯಲ್ಲಿ ದಿನವಿಡೀ ಪೆಟ್ಟಿಗೆಗಳ ಲೇಬಲ್ ಪರೀಕ್ಷಿಸುವ ಮನುಷ್ಯ ನಾನು.

ಉಷಾ ಅವರಿಗೆ ಗೊತ್ತಿತ್ತು. ಆಂಬುಲೆನ್ಸ್ ಹೋದ ಮೇಲೆ ನಾನು ಆ ಬಾಟಲಿ ಹಿಡಿದು ನಿಂತಿದ್ದೆ. ಹತ್ತಿರ ಬಂದು, "ಅಡುಗೆಮನೆ ನನ್ನ ಜವಾಬ್ದಾರಿ, ಇವತ್ತು ನಾನು ನೋಡ್ಕೋತೀನಿ. ಮಗು ಮನೆಗೆ ಬಂದ್ಮೇಲೆ ನೀವೇ ಹೇಳಿ" ಅಂದರು. ಗಮನಿಸಿ — ನೀವೇ ಹೇಳಿ, ಅಂದರು.

ಎರಡು ದಿನಕ್ಕೆ ಮಗು ಮನೆಗೆ ಬಂತು. ನಾನು ಹೇಳಲಿಲ್ಲ. ಮುಂದಿನ ಹಬ್ಬಕ್ಕೆ ಹೇಳೋಣ ಅಂದುಕೊಂಡೆ, ಅದೂ ಕಳೆಯಿತು. ಹೋದ ತಿಂಗಳು ಆಸ್ಪತ್ರೆಯಲ್ಲಿ ಅವರ ಹಾಸಿಗೆಯ ಪಕ್ಕದಲ್ಲಿ ಒಂದು ಗಂಟೆ ಕೂತಿದ್ದೆ. ಅಲ್ಲೂ ಬಾಯಿ ಬರಲಿಲ್ಲ. ಅವರು ಕೇಳಿದ್ದು ಒಂದೇ — "ಊಟ ಆಯ್ತಾ?"

ನಮ್ರತಾ ಅವರೇ, ಪ್ರಣತಿ ಪುಟ್ಟಿ, ನನ್ನನ್ನು ಕ್ಷಮಿಸಿ. ಕ್ಷಮಿಸದಿದ್ದರೂ ನ್ಯಾಯವೇ. ಶರಣ್ಯಾ, ನಿನ್ನಮ್ಮನ ಕೈಯಲ್ಲಿ ಯಾವತ್ತೂ ತಪ್ಪು ಆಗಿರಲಿಲ್ಲಮ್ಮ. ಅಶ್ವತ್ಥ ಅವರೇ, ನಿಮ್ಮ ಮುಖ ನೋಡುವ ಧೈರ್ಯ ನನಗಿಲ್ಲ, ಆದರೂ ನೋಡುತ್ತಿದ್ದೇನೆ.

ದಯವಿಟ್ಟು ಎಲ್ಲರೂ ಎದ್ದು ನಿಲ್ಲಿ. ಉಷಾ ಅವರಿಗಾಗಿ ಒಂದು ನಿಮಿಷ ಮೌನ. ಮೂರು ವರ್ಷ ನಾನು ಸುಮ್ಮನಿದ್ದದ್ದು ನನಗಾಗಿ. ಈ ಒಂದು ನಿಮಿಷ ಅವರಿಗಾಗಿ.