ರಬ್ಬರ್ ಗಾಯ

ಹಾಳುಬಾವಿ ದಾಟುವಾಗಲೇ ನರ್ಸಮ್ಮನಿಗೆ ಆ ಸದ್ದು ಕೇಳಿಸಿದ್ದು. ಪಚ್... ಪಚ್... ರಸ್ತೆ ಒಣಗಿ ಬಿರುಕು ಬಿಟ್ಟಿದೆ. ಜೊತೆಗೆ ತಮ್ಮ ಬಿಟ್ಟರೆ ನರಪಿಳ್ಳೆ ಇಲ್ಲ.

"ಏನೋ ಅದು?" ಪಿಸುಗುಟ್ಟಿದಳು.

"ನಾನೇ ಅಕ್ಕ. ಮೇಕಪ್ಪು."

ನಮ್ಮ ಪಕ್ಕದ ಮನೆ ನರ್ಸಮ್ಮನ ಈ ತಮ್ಮ ದೆವ್ವದ ಸಿನಿಮಾಗಳಿಗೆ ಗಾಯ ಮಾಡಿಕೊಡುವವನು. ಕೊಳೆತ ಕೆನ್ನೆ, ಕೀವು ಸೋರುವ ಮೊಣಕೈ, ಎಲ್ಲ ರಬ್ಬರಿನಲ್ಲಿ. ಮೊದಲು ತನ್ನ ಮೈಗೇ ಅಂಟಿಸಿ ನೋಡುತ್ತಿದ್ದ. ಹೆಂಡತಿ ಇನ್ನೊಬ್ಬನ ಬೈಕು ಹತ್ತಿ ಹೋದ ಮೇಲೆ (ಯಾರ ಬೈಕು ಅಂತ ನನಗೆ ಗೊತ್ತು, ಈಗ ಬೇಡ ಬಿಡಿ) ಅಂಟಿಸಿದ್ದನ್ನು ಕೀಳುವುದನ್ನೇ ಬಿಟ್ಟ. ಸ್ನಾನವಿಲ್ಲ, ಊಟವಿಲ್ಲ. ಜೊತೆ ಕೆಲಸದವರು "ಭೇಷ್, ಏನು ಕೈಚಳಕ!" ಅಂತ ಬೆನ್ನು ತಟ್ಟಿದರು. ಅಕ್ಕ ಏನು ಕಮ್ಮಿ? ಆಸ್ಪತ್ರೆಯಲ್ಲಿ ಊರವರ ಹುಣ್ಣೆಲ್ಲ ತೊಳೆಯುವ ಮಹಾತಾಯಿ, ಇವನನ್ನು ನೋಡಿ ನಗುತ್ತಿದ್ದಳು.

ಆದರೆ ಮೇಕಪ್ಪು ನಡೆಯುವಾಗ ಸದ್ದು ಮಾಡುತ್ತದೆಯೇ?

ಅವನನ್ನು ತನ್ನ ಮನೆಗೇ ಎಳೆತಂದು, ನೀರು ಕಾಯಿಸಿದಳು.

"ನಾಳೆ ಕೀಳ್ತೀನಿ ಬಿಡಕ್ಕ..."

"ನಿನ್ನ ನಾಳೆಗಿಷ್ಟು ಬೆಂಕಿ ಹಾಕ! ಕೂತ್ಕೋ."

ಕೆನ್ನೆಯ ಅಂಚು ಹಿಡಿದು ಎಳೆದಳು. ಚರ್ರ್... ರಬ್ಬರು ಬಂತು. ಕೆಳಗೆ ಇನ್ನೊಂದು ಗಾಯ. ಚರ್ರ್... ಅದರ ಕೆಳಗೂ ಇನ್ನೊಂದು. ಕಿತ್ತಿದ್ದನ್ನೆಲ್ಲ ಬಕೆಟ್ಟಿಗೆ ಎಸೆದಳು. ಥಪ್. ಥಪ್. ಪಾದಕ್ಕೆ ಬಂದಾಗ ಕೈ ನಿಂತಿತು. ಅಂಟಿನ ವಾಸನೆಯಲ್ಲ ಅದು. ವಾರ್ಡಿನಲ್ಲಿ ದಿನಾ ಮೂಗಿಗೆ ಹೊಡೆಯುವ ವಾಸನೆ.

"ಇದು... ನಿಜದ್ದೇನೋ?"

"ಗೊತ್ತಾಗ್ತಿಲ್ಲ ಅಕ್ಕ."

"ನೋಯಲ್ವಾ?"

"ಇಲ್ಲ. ಸಿನಿಮಾದಲ್ಲಿ ಇಂಥದ್ದು ಕಂಡ್ರೆ ಜನ ಕಿರುಚ್ತಾರೆ. ನೀವ್ಯಾರೂ ಕಿರುಚ್ಲಿಲ್ಲ. ಸುಳ್ಳೇ ಇರ್ಬೇಕು ಅಂದ್ಕೊಂಡೆ."

ಆಗ ಕಿರುಚಿದಳು ನೋಡಿ! ಗೋಡೆಯ ಈಚೆ ಮಲಗಿದ್ದ ನಾನು ಎದ್ದು ಕೂತೆ. ಆ ಕೂಗು ಕೇಳಿದ ಮೇಲೆಯೇ ಅವನು "ಅಯ್ಯೋ... ನೋಯ್ತಿದೆ ಅಕ್ಕ" ಅಂತ ಮಗುವಿನ ಹಾಗೆ ಅತ್ತಿದ್ದು.

ಬೆಳಕು ಹರಿಯುವವರೆಗೂ ತೊಳೆದಳು. ಆಮೇಲೆ ತನ್ನ ವಾರ್ಡಿಗೇ ಸೇರಿಸಿದಳು. ಈಗ ಎರಡು ಹೊತ್ತು ಉಣ್ಣುತ್ತಾನೆ, ಕಾಲೂ ಮಾಯುತ್ತಿದೆ. ಅದು ಸರಿ...

ಅವತ್ತು ಬೆಳಿಗ್ಗೆ ಆ ಬಕೆಟ್ಟು ಚೆಲ್ಲಲು ಹೋದವಳು ನಾನು. ಒಂದೊಂದು ರಬ್ಬರ್ ಗಾಯದ ಮೇಲೂ ಹಕ್ಕಳೆ ಕಟ್ಟಿತ್ತು. ಸುಳ್ಳು ಹೇಳಿದರೆ ನನ್ನ ನಾಲಿಗೆ ಬಿದ್ದುಹೋಗಲಿ. ಉಗುರಿನಿಂದ ಒಂದನ್ನು ಎಬ್ಬಿಸಿ ನೋಡಿದೆ... ಕೆಳಗೆ ಎಳೆ ಚರ್ಮ ಬರುತ್ತಿತ್ತು.